ಖಾಲಿ ಕ್ಯಾಮೆರಾದ ಸಾಕ್ಷಿ

ಸಾಗರದ ಪೇಟೆ ಬೀದಿಯಲ್ಲಿ ನಾನು ಕ್ಯಾಮೆರಾ ನಿಲ್ಲಿಸಿದ ಬೆಳಿಗ್ಗೆಯಿಂದಲೇ ಊರಿನವರು ಹಿತ್ತಲ ಬಾಗಿಲಿನಿಂದ ಓಡಾಡಲು ಶುರುಮಾಡಿದರು. ದಿನವೂ ಎದೆಯುಬ್ಬಿಸಿ ಕಾಫಿ ಹೋಟೆಲಿನ ಮುಂಬಾಗಿಲಿಗೆ ನುಗ್ಗುತ್ತಿದ್ದವರು ಓಣಿ ಬಳಸಿ, ಪಾತ್ರೆ ತೊಳೆಯುವ ಕಟ್ಟೆ ದಾಟಿ ಒಳಗೆ ಹೋದರು. ಬಟ್ಟೆ ಅಂಗಡಿಯ ಜೈನ ವ್ಯಾಪಾರಿ ಬಾಗಿಲಿಗೆ ಒಂದು ಪಂಚೆ ಇಳಿಬಿಟ್ಟು ಅದರ ಹಿಂದೆ ವ್ಯಾಪಾರ ನಡೆಸಿದರು. ನೀರಿಗೆ ಹೊರಟ ಹೆಂಗಸರು ಬೀದಿಯ ತುದಿಯಲ್ಲೇ ನನ್ನನ್ನು ಕಂಡು ಬೇರೆ ದಾರಿ ಹಿಡಿದರು. ನಾನು ತೆಗೆಯಬೇಕಾಗಿದ್ದದ್ದು ಪೇಟೆಯ ದಿನನಿತ್ಯದ ಬದುಕು. ನನ್ನ ಲೆನ್ಸಿನ ಎದುರಿಗೆ ಇದ್ದದ್ದು ಕೆಂಪು ಧೂಳು ಮತ್ತು ಅದರಲ್ಲಿ ಮಲಗಿದ್ದ ಒಂದು ಹಸು.

ಮಾತಿನ ಚಿತ್ರಗಳು ನಮ್ಮ ಕಡೆ ಇನ್ನೂ ಕಾಲಿಟ್ಟಿರದ ಕಾಲ ಅದು. ಬೆಂಗಳೂರಿನ ನಮ್ಮ ಕಂಪನಿಯ ಯಜಮಾನರಿಗೆ ಒಂದು ಹುಚ್ಚು ಹತ್ತಿತ್ತು. ಸಂಸ್ಥಾನದ ಒಂದೊಂದು ಊರಿನ ಒಂದು ದಿನವನ್ನು, ಅಂಗಡಿ ಬಾಗಿಲು ತೆಗೆಯುವುದರಿಂದ ಹಿಡಿದು ಸಂಜೆ ದೀಪ ಹಚ್ಚುವವರೆಗೆ, ಇದ್ದದ್ದನ್ನು ಇದ್ದ ಹಾಗೆ ಫಿಲ್ಮಿನಲ್ಲಿ ಹಿಡಿದು, ಟೆಂಟ್ ಸಿನಿಮಾದಲ್ಲಿ ಕಥೆ ಶುರುವಾಗುವ ಮುಂಚೆ ತೋರಿಸಬೇಕು. ರಾಜನಿಲ್ಲ, ರಾಣಿಯಿಲ್ಲ, ಕತ್ತಿವರಸೆಯಿಲ್ಲ. "ಜನಕ್ಕೆ ತಮ್ಮೂರಿನ ಬೀದಿಗಿಂತ ದೊಡ್ಡ ಕಥೆ ಯಾವುದೂ ಇಲ್ಲ ಕಣಯ್ಯ" ಎನ್ನುತ್ತಿದ್ದರು. ಅವರದು ಒಂದೇ ಷರತ್ತು: ಯಾರೂ ಕ್ಯಾಮೆರಾ ಕಡೆ ನೋಡಬಾರದು. ನೋಡಿದರೆ ಅಷ್ಟೂ ಫಿಲ್ಮ್ ಕತ್ತರಿಗೆ ಹೋಗುತ್ತಿತ್ತು, ಬೈಗುಳ ನನ್ನ ಪಾಲಿಗೆ ಬರುತ್ತಿತ್ತು.

ಇದಕ್ಕೆ ನಮ್ಮ ಕಸುಬಿನಲ್ಲಿ ಒಂದು ಉಪಾಯವಿತ್ತು. ಹೊಸ ಊರಿಗೆ ಹೋದಾಗ ಮೊದಮೊದಲು ಕ್ಯಾಮೆರಾಕ್ಕೆ ಫಿಲ್ಮ್ ತುಂಬದೆ, ಬರಿದೇ ಹಿಡಿಕೆ ತಿರುಗಿಸುತ್ತ ನಿಲ್ಲುವುದು. ಜನ ಸುತ್ತುಗಟ್ಟುತ್ತಾರೆ, ಹಲ್ಲು ಕಿರಿಯುತ್ತಾರೆ, ಮೀಸೆ ತೀಡುತ್ತಾರೆ, ಕೊನೆಗೆ ಬೇಸತ್ತು ತಮ್ಮ ಪಾಡಿಗೆ ತಾವು ಹೋಗುತ್ತಾರೆ. ಆಗ ನಿಜವಾದ ಫಿಲ್ಮ್ ತುಂಬಬೇಕು. ತೀರ್ಥಹಳ್ಳಿಯಲ್ಲಿ ತುಂಗೆಯ ದೋಣಿ ಕಡವಿನ ಮೇಲೆ ಹೀಗೇ ಮಾಡಿದ್ದೆ. ಎರಡನೆಯ ದಿನದ ಹೊತ್ತಿಗೆ ಅಂಬಿಗ ನನ್ನನ್ನು ದೋಣಿ ಕಟ್ಟುವ ಗೂಟವೆಂದೇ ತಿಳಿದು ನನ್ನ ಮಗ್ಗುಲಲ್ಲೇ ಹುಟ್ಟು ಒರಗಿಸಿ ಬೀಡಿ ಹಚ್ಚುತ್ತಿದ್ದ. ಹೊಸನಗರದಲ್ಲೂ ತೊಂದರೆಯಾಗಲಿಲ್ಲ. ಈ ಗುಟ್ಟನ್ನು ಮಾತ್ರ ಊರಿನವರಿಗೆ ಬಿಟ್ಟುಕೊಡಬಾರದೆಂದು ಯಜಮಾನರ ಕಟ್ಟಪ್ಪಣೆ. ತಮ್ಮನ್ನು ಮಂಗ ಮಾಡಿದರೆಂದು ಗೊತ್ತಾದ ಊರು ಆಮೇಲೆ ಟೆಂಟಿನ ಕಡೆ ತಲೆ ಹಾಕುವುದಿಲ್ಲ ಎಂದು ಅವರ ಭಯ.

ಸಾಗರದಲ್ಲಿ ಸುತ್ತುಗಟ್ಟಲು ಯಾರೂ ಬರಲಿಲ್ಲ. ಅಂಗಡಿಗಳಿಗೆ ಹೊಸ ತೆರಿಗೆ ಹಾಕಲು ಸರ್ಕಾರವೇ ನನ್ನನ್ನು ಕಳಿಸಿದೆ ಎಂದು ಕೆಲವರು, ಯಾರ ಮನೆಗೆ ಯಾರು ಹೋಗಿಬರುತ್ತಾರೆಂದು ಪೊಲೀಸರಿಗೆ ಪಟ ಹಿಡಿದು ಕೊಡುತ್ತೇನೆ ಎಂದು ಕೆಲವರು ಮಾತಾಡಿಕೊಂಡರಂತೆ. ಒಬ್ಬ ವಯಸ್ಸಾದ ಅರ್ಚಕರು ಮಾತ್ರ ಧೈರ್ಯ ಮಾಡಿ ಹತ್ತಿರ ಬಂದರು. ಕಾಫಿ ಹೋಟೆಲಿನ ಕಡೆ ಕಣ್ಣು ಹಾಯಿಸಿ, ತಮ್ಮ ಮನೆಮಾತಿನಲ್ಲಿ, "ಎಂಗೊ ಒಳಗೆ ಹೋಗದು ಇದ್ರಲ್ಲಿ ಬತ್ತಾ?" ಎಂದು ಪಿಸುಗುಟ್ಟಿದರು. ಅರ್ಚಕರಾದವರು ಹೋಟೆಲು ಹೊಕ್ಕರೆ ಮಡಿ ಕೆಟ್ಟಿತೆನ್ನುವ ಕಾಲ ಅದು.

"ಬಂದ್ರೂ ಬರಬಹುದು" ಎಂದೆ.

"ಹಂಗಾರೆ ಇಲ್ಲೆ, ಆನು ಬತ್ತೆ" ಎಂದು ಶಲ್ಯ ಎಳೆದುಕೊಂಡು, ಹೋಟೆಲಿಗೂ ಹೋಗದೆ, ಗುಡಿಗೂ ಹೋಗದೆ, ಮನೆಯ ದಾರಿ ಹಿಡಿದರು.

ಅವರು ನನ್ನನ್ನು ಅನುಮಾನಿಸಿದರೆಂದು ದೂರಲು ನನಗೆ ಬಾಯಿಲ್ಲ. ಅನುಮಾನ ನನ್ನ ಹುಟ್ಟುಗುಣ. ಪರವೂರಿನಲ್ಲಿ ಲೆನ್ಸನ್ನು ತಲೆದಿಂಬಿನ ಕೆಳಗಿಟ್ಟುಕೊಂಡೇ ಮಲಗುವವನು ನಾನು. ಬಸ್ಸಿಳಿದ ದಿನ ನನ್ನ ಮುಕ್ಕಾಲಿಯನ್ನೂ ಪೆಟ್ಟಿಗೆಯನ್ನೂ ಹೊತ್ತ ಹಮಾಲಿಯ ಹಿಂದೆ, ಅವನೆಲ್ಲಿ ಓಣಿ ತಿರುಗಿ ಮಾಯವಾಗುತ್ತಾನೋ ಎಂದು ಹೆಚ್ಚುಕಡಿಮೆ ಓಡಿಕೊಂಡೇ ಬಂದಿದ್ದೆ. ಅವನಿಗೂ ನನ್ನ ಮೇಲೆ ಅಷ್ಟೇ ಗುಮಾನಿ. ಸಣಕಲು ಆಳು, ನಡುವಯಸ್ಸು, ತಲೆಗೆ ಮಾಸಿದ ಕೆಂಪು ರುಮಾಲು. ದಾರಿಯಲ್ಲಿ ಪೆಟ್ಟಿಗೆ ಇಳಿಸಿ ಕಿವಿಗೊಟ್ಟು ಕೇಳಿದ.

"ಇದ್ರೊಳಗೆ ಎಂತ ಐತೆ ಅಯ್ಯ?"

"ಪಟ ತೆಗೆಯೋ ಯಂತ್ರ."

"ತೆಗ್ದಿದ್ದು ಎಲ್ಲಿ ಇರ್ತದೆ?"

"ಅದರೊಳಗೇ ಇರುತ್ತೆ."

"ಆಮೇಲೆ ಹೊರಗೆ ಬತ್ತದಾ?"

"ತೊಳೆದರೆ ಬರುತ್ತೆ."

ಅವನು ಒಂದು ಸಲ ಪೆಟ್ಟಿಗೆಯನ್ನು, ಒಂದು ಸಲ ನನ್ನನ್ನು ನೋಡಿ, ಮತ್ತೆ ತಲೆಯ ಮೇಲೆ ಹೊತ್ತುಕೊಂಡ.

ಇಡೀ ಬೀದಿಯಲ್ಲಿ ನನ್ನನ್ನು ಕೈಬೀಸಿ ಕರೆದವರು ಒಬ್ಬರೇ, ಗಂಧದ ಸಾಮಾನಿನ ಅಂಗಡಿಯ ಸಾಹುಕಾರರು. ಒಳಗೆ ಕುಶಲಕರ್ಮಿಗಳು ಕೂತು ಪೆಟ್ಟಿಗೆ, ಬೀಸಣಿಗೆ, ಆನೆ ಕೆತ್ತುತ್ತಿದ್ದರು. ಮುಂದೆ ಜಗಲಿಯ ಮೇಲೆ ಸಾಹುಕಾರರು ಎಲೆಯಡಿಕೆ ತಟ್ಟೆ ಇಟ್ಟುಕೊಂಡು ಕೂತಿರುತ್ತಿದ್ದರು. ತಮ್ಮ ಅಂಗಡಿಯ ಮಹಡಿಯನ್ನೇ ನನಗೆ ಬಿಟ್ಟುಕೊಟ್ಟರು. ಕಾಫಿ, ತಿಂಡಿ ಹೇಳದೆಯೇ ಬರುತ್ತಿತ್ತು. ಕಾರಣವಿಲ್ಲದೆ ಉಪಚಾರ ಮಾಡುವವರನ್ನು ಕಂಡರೆ ನನಗೆ ಮೈಯೆಲ್ಲ ಕಣ್ಣಾಗುತ್ತದೆ. ಅಂಗಡಿ ಸಿನಿಮಾದಲ್ಲಿ ಬರಲಿ ಎಂಬ ಆಸೆಯಿರಬೇಕು ಎಂದು ಸಮಾಧಾನ ಮಾಡಿಕೊಂಡೆ.

ಮೊದಲ ದಿನದ ಸಂಜೆ ಅವರು ಮಹಡಿ ಹತ್ತಿ ಬಂದು, ಗೋಡೆಯ ಬದಿಗೆ ಜೋಡಿಸಿದ್ದ ನನ್ನ ಫಿಲ್ಮ್ ಡಬ್ಬಗಳಲ್ಲಿ ಒಂದನ್ನು ಕೈಗೆತ್ತಿಕೊಂಡರು. ಬೆಳಕು ಒಳಗೆ ಹೋಗದಂತೆ ಅದರ ಮುಚ್ಚಳದ ಸುತ್ತ ಕಂಪನಿಯವರೇ ಸುತ್ತಿದ ಕಪ್ಪು ಪಟ್ಟಿ ಹಾಗೇ ಇತ್ತು. ಸಾಹುಕಾರರು ಎಲ್ಲ ಡಬ್ಬಗಳನ್ನೂ ಕಣ್ಣಿನಲ್ಲೇ ನೋಡಿ ಮುಗಿಸಿದರು.

"ಇಡೀ ದಿನ ತಿರುಗ್ಸಿದ್ರಿ ಮಾರಾಯ್ರೆ. ಒಂದು ಡಬ್ಬನೂ ಒಡೆದೇ ಇಲ್ವಲ್ಲ?"

ಜನ ತಮ್ಮ ಪಾಡಿಗೆ ತಾವು ಓಡಾಡುವವರೆಗೂ ಖಾಲಿಯೇ ತಿರುಗಿಸುವುದು ಎಂದು ಒಪ್ಪಿಕೊಂಡೆ. ಅವರು ನಕ್ಕರು. ವ್ಯಾಪಾರಸ್ಥರಿಗೆ ಹೆಚ್ಚು ಹೇಳಬೇಕಾಗಿಲ್ಲ. ಊರಿನವರಿಗೆ ತಿಳಿಸಬೇಡಿ ಎಂದು ಕೇಳಿಕೊಂಡೆ. "ನಮ್ಮ ಬಾಯಿಗೆ ಬೀಗ ಬಿತ್ತು ಅಂತ ತಿಳ್ಕಳ್ಳಿ" ಎಂದು ಡಬ್ಬವನ್ನು ಇದ್ದಲ್ಲೇ ಇಟ್ಟು ಇಳಿದುಹೋದರು. ನನ್ನ ಜುಟ್ಟು ಅವರ ಕೈಗೆ ಹೋದದ್ದು ಆಗಲೇ.

ಮರುದಿನ ಬೆಳಿಗ್ಗೆ ಮಂಜು ಕರಗಿ ಬೀದಿಗೆ ಬಿಸಿಲು ಬೀಳುವುದನ್ನು ಕಾದು, ಅವರ ಅಂಗಡಿಯ ಎದುರು ಬದಿಯಲ್ಲಿ ಕ್ಯಾಮೆರಾ ನಿಲ್ಲಿಸಿದೆ. ಆವತ್ತೂ ಖಾಲಿಯೇ. ಖಾಲಿ ಕ್ಯಾಮೆರಾದಲ್ಲಿ ಒಂದು ಅನುಕೂಲವಿದೆ. ಫಿಲ್ಮ್ ಹಾಯಬೇಕಾದ ಜಾಗಕ್ಕೆ ಮಬ್ಬು ಗಾಜಿನ ಒಂದು ಬಿಲ್ಲೆಯನ್ನು ಸಿಕ್ಕಿಸಿ, ಹಿಂದಿನ ಕೊಳವೆಗೆ ಕಣ್ಣಿಟ್ಟರೆ, ಲೆನ್ಸ್ ಕಂಡದ್ದೆಲ್ಲ ಆ ಗಾಜಿನ ಮೇಲೆ ಬಣ್ಣದ ಸಮೇತ, ತಲೆಕೆಳಗಾಗಿ ಬಂದು ನಿಲ್ಲುತ್ತದೆ. ಕೊಳವೆಯಲ್ಲಿ ಭೂತಗನ್ನಡಿ ಇರುವುದರಿಂದ ಬರಿಗಣ್ಣಿಗಿಂತ ಚೆನ್ನಾಗಿಯೇ ಕಾಣುತ್ತದೆ. ಫಿಲ್ಮ್ ತುಂಬಿದ ಮೇಲೆ ಆ ಗಾಜಿಗೆ ಜಾಗವಿಲ್ಲ. ಆಗ ಪೆಟ್ಟಿಗೆಯ ಪಕ್ಕಕ್ಕೆ ತಲೆ ಚಾಚಿ, ತಂತಿಯ ಚೌಕಟ್ಟಿನ ಮೂಲಕ ಬರಿಗಣ್ಣಿನಿಂದ ಅಂದಾಜು ಮಾಡಬೇಕು.

ನಾನು ಆವತ್ತು ಗಾಜಿನಲ್ಲಿ ಕೆಂಪನ್ನು ಹುಡುಕುತ್ತಿದ್ದೆ. ನಮ್ಮ ಆಗಿನ ಫಿಲ್ಮಿಗೆ ಕೆಂಪು ಬಣ್ಣ ಕಾಣದು. ಕೆಂಪೆಲ್ಲ ಕಪ್ಪಾಗಿ ಮೂಡುತ್ತದೆ. ಮಣ್ಣು ಕೆಂಪು, ಹೆಂಚು ಕೆಂಪು, ಅರ್ಧ ಊರಿನ ಬಾಯಿ ಕೆಂಪು. ಇದೆಲ್ಲ ಪರದೆಯ ಮೇಲೆ ಎಷ್ಟು ಕಪ್ಪಾದೀತು ಎಂದು ಚಿಂತಿಸುತ್ತ ಹಿಡಿಕೆ ತಿರುಗಿಸುತ್ತಿದ್ದೆ. ಆಗ ಹಮಾಲಿ ಗಾಜಿನೊಳಗೆ ಬಂದ, ಕಾಲು ಮೇಲೆ, ರುಮಾಲು ಕೆಳಗೆ.

ಅವನು ತಂದದ್ದು ಗಂಧದ ಕೊರಡುಗಳ ಮೂಟೆ. ಆ ಕಾಲದಲ್ಲಿ ಗಂಧದ ಮರ ಯಾರ ಹಿತ್ತಲಿನಲ್ಲಿ ಬೆಳೆದರೂ ಸರ್ಕಾರದ್ದು. ಕೆತ್ತನೆಯವರಿಗೆ ಬೇಕಾದಷ್ಟನ್ನು ಊರಾಚೆಯ ಸರ್ಕಾರಿ ಗಂಧದ ಕೋಠಿಯಲ್ಲಿ ತೂಗಿ, ಗೋಣಿಯಲ್ಲಿ ಕಟ್ಟಿ, ಗಂಟಿನ ಮೇಲೆ ಅರಗಿನ ಮುದ್ರೆ ಒತ್ತಿ ಕಳಿಸುತ್ತಿದ್ದರು. ಅಂಗಡಿಗೆ ಬಂದ ಮೂಟೆಯನ್ನು ಕೋಠಿಯ ಗಾರ್ಡ್ ಬಂದು ಎದುರಿಗೆ ನಿಂತ ಮೇಲೆಯೇ ಬಿಚ್ಚಬೇಕು. ಹಮಾಲಿ ಜಗಲಿಗೆ ಬೆನ್ನು ತಿರುಗಿಸಿ ಅದರ ಮೇಲೆ ಮೂಟೆ ಇಳಿಸಿದ. ಗೋಣಿಯ ಕುತ್ತಿಗೆ ನೇರ ನನ್ನ ಕಡೆಗೆ ಬಂತು. ಅದರ ಮೇಲೆ ಅರಗಿನ ಮುದ್ರೆ, ಅಚ್ಚ ಕೆಂಪು. ಇದೂ ಕರಿ ಮಚ್ಚೆಯಾಗುತ್ತದಲ್ಲ ಎಂದು ಬೈದುಕೊಂಡು ಕೊಳವೆಯನ್ನು ಅದರ ಮೇಲೆಯೇ ಹದ ಮಾಡಿದೆ. ಮುದ್ರೆಯ ಅಂಚಿನಲ್ಲಿ ಒಂದು ಚೂರು ಹಸಿರು ಎಲೆ ಅಂಟಿಕೊಂಡಿತ್ತು. ಒಳಗೆ ಕೆತ್ತುವವರು ಇನ್ನೂ ಬಂದಿರಲಿಲ್ಲ. ಸಾಹುಕಾರರು ಎದ್ದು ಬಂದು, ಹಮಾಲಿಯನ್ನು ಕಳಿಸಿ, ಮೂಟೆಯನ್ನು ತಾವೇ ಹೊಸ್ತಿಲೊಳಗೆ ಎಳೆದುಕೊಂಡರು. ಸಾಹುಕಾರರು ಮೂಟೆ ಎಳೆಯುವುದು ದಿನನಿತ್ಯದ ಬದುಕಲ್ಲವಲ್ಲ ಎಂದು ನನಗೆ ಅನಿಸಿತು. ಅಲ್ಲಿಗೆ ಮರೆತೆ.

ಬಿಸಿಲು ನೆತ್ತಿಗೆ ಬರುವ ಮೊದಲೇ ಬೀದಿಯಲ್ಲಿ ಗಲಾಟೆ ಎದ್ದಿತು. ಗಾರ್ಡ್ ಬಂದು ನೋಡಿದರೆ ಮುದ್ರೆ ಒಡೆದಿದೆ, ಒಂದು ಕೊರಡು ಕಡಿಮೆ. ತಂದಾಗಲೇ ಒಡೆದಿತ್ತು ಎಂದು ಸಾಹುಕಾರರು ಹೇಳಿದರು. ಪೊಲೀಸ್ ದಫೇದಾರರು ಹಮಾಲಿಯನ್ನು ಬಸ್ ನಿಲ್ಲುವ ಕಟ್ಟೆಯಿಂದ ರಟ್ಟೆ ಹಿಡಿದು ಎಳೆತಂದರು. ಎರಡು ದಿನದಿಂದ ಕಾಣದಿದ್ದ ಊರು ಆಗ ಮುಂಬಾಗಿಲಿನಿಂದಲೇ ಹೊರಗೆ ಬಂತು. ಗಂಧದ ಕಳವು ಎಂದರೆ ಜೈಲು. ಜೈಲು ತಪ್ಪಿದರೂ, ಮುದ್ರೆ ಒಡೆದವನೆಂಬ ಹೆಸರು ಬಂದ ಹಮಾಲಿಯ ತಲೆಗೆ ಆ ಪೇಟೆಯಲ್ಲಿ ಇನ್ನು ಯಾರೂ ಒಂದು ತೆಂಗಿನಕಾಯಿ ಬುಟ್ಟಿಯನ್ನೂ ಹೊರಿಸುವುದಿಲ್ಲ. ಅವನಿಗೆ ಅದು ಚೆನ್ನಾಗಿ ಗೊತ್ತಿತ್ತು. ಮುಖ ಬೂದಿಯಾಗಿತ್ತು.

"ನಾ ಇಳಿಸಿದಾಗ ಮುದ್ರೆ ಇತ್ತು ಸ್ವಾಮಿ. ಇಲ್ಲೇ ಜಗ್ಲಿ ಮೇಲೆ ಇಳ್ಸಿದೀನಿ."

"ಇತ್ತು ಅನ್ನೋಕೆ ಯಾರು ನೋಡಿದಾರೆ?" ಎಂದರು ದಫೇದಾರರು.

ಹಮಾಲಿ ಸುತ್ತ ನೋಡಿದ. ಬೀದಿಯಲ್ಲಿ ಆ ಹೊತ್ತಿಗೆ ಯಾರಿದ್ದರು? ನನ್ನ ದೆಸೆಯಿಂದ ಎಲ್ಲರೂ ಹಿತ್ತಲಿನಲ್ಲಿದ್ದರು. ಅವನ ಕಣ್ಣು ನನ್ನ ಪೆಟ್ಟಿಗೆಯ ಮೇಲೆ ನಿಂತಿತು.

"ಅದು ನೋಡೈತೆ. ಅಯ್ಯೋರು ನನ್ನ ಕಡೆಗೇ ತಿರುಗಿಸ್ತಾ ಇದ್ರು. ಅದ್ರೊಳಗೆ ಬಂದೈತೆ. ತೊಳ್ದು ತೋರ್ಸಿ."

ಗುಂಪಿನಲ್ಲಿ ಹೌದು ಹೌದು ಎಂಬ ಗುಜುಗುಜು ಎದ್ದಿತು. ನಿನ್ನೆ ಯಂತ್ರಕ್ಕೆ ಹೆದರಿ ಅಡಗಿದವರೇ ಇವತ್ತು ಅದು ಎಲ್ಲವನ್ನೂ ಕಂಡಿದೆ ಎಂದು ಅದರ ಪರವಾಗಿ ಮಾತಾಡಿದರು. ಸಾಹುಕಾರರು ಹಿಂಜರಿಯುತ್ತಾರೆ, ಏನೋ ನೆಪ ಹೇಳುತ್ತಾರೆ ಎಂದು ಅವರ ಮುಖ ನೋಡಿದೆ. ಅವರು ಎಲೆಗೆ ಸುಣ್ಣ ಹಚ್ಚುತ್ತಿದ್ದರು.

"ತೋರಿಸ್ಲಿ ಮಾರಾಯ್ರೆ, ಬೇಡ ಅಂದೋರು ಯಾರು? ತೊಳೆದು ಅಮಲ್ದಾರರ ಮುಂದೇ ತೋರಿಸ್ಲಿ. ನಂಗೆ ಎಂತ ಹೆದ್ರಿಕೆ?"

ಹೇಳಿ ನನ್ನ ಕಡೆ ನೋಡಿ ಎಲೆ ಮಡಚಿ ಬಾಯಿಗಿಟ್ಟುಕೊಂಡರು. ಆ ನಿಶ್ಚಿಂತೆಯೇ ನನಗೆ ಎಲ್ಲವನ್ನೂ ಹೇಳಿತು. ಪೆಟ್ಟಿಗೆಯೊಳಗೆ ಏನೂ ಇಲ್ಲವೆಂದು ಆ ಬೀದಿಯಲ್ಲಿ ತಿಳಿದಿದ್ದವರು ನಾವಿಬ್ಬರೇ. ಒಳಗೆ ಫಿಲ್ಮ್ ಇರಬಹುದೆಂಬ ಸಂಶಯ ಒಂದು ಎಳೆಯಷ್ಟಿದ್ದರೂ ಅವರು ಆ ಬೆಳಿಗ್ಗೆ, ನನ್ನ ಕ್ಯಾಮೆರಾದ ಎದುರಿಗೇ, ಆ ಮೂಟೆಯನ್ನು ಒಳಗೆ ಎಳೆದುಕೊಳ್ಳುತ್ತಿರಲಿಲ್ಲ. ನಾಳೆ ಬೆಳಿಗ್ಗೆ ಅಮಲ್ದಾರರ ಕಚೇರಿಗೆ ಪಟ ತರಬೇಕೆಂದು ದಫೇದಾರರು ನನಗೆ ಹೇಳಿ ಹಮಾಲಿಯನ್ನು ಠಾಣೆಗೆ ಕರೆದುಕೊಂಡು ಹೋದರು. ಹೋಗುವಾಗ ಅವನು ನನಗೆ ಕೈಮುಗಿದ.

ಮಧ್ಯಾಹ್ನ ಸಾಹುಕಾರರೇ ಕಾಫಿ ಲೋಟ ಹಿಡಿದು ಮಹಡಿಗೆ ಬಂದರು.

"ಎಂತ ಯೋಚ್ನೆ? ಒಂದು ಡಬ್ಬ ಒಡೀರಿ, ತೊಳೀರಿ, ಸರಿಯಾಗಿ ಬರ್ಲಿಲ್ಲ ಅನ್ನಿ. ಇಲ್ಲಿ ನೀರು ಸರಿ ಇಲ್ಲ ಅನ್ನಿ. ಇಡೀ ಊರಲ್ಲಿ ಯಾರಿಗೆ ತಿಳೀತದೆ?"

"ಅವನು ಜೈಲಿಗೆ ಹೋಗ್ತಾನಲ್ಲ ಸಾಹುಕಾರ್ರೆ."

"ಅವನ ಯೋಗ. ನಿಮ್ಮ ಕೆಲ್ಸ ನೋಡ್ಕಳ್ಳಿ. ನಾಳೆಯಿಂದ ಈ ಬೀದಿ ಬಾಗಿಲೆಲ್ಲ ನಾನು ತೆಗಸ್ತೀನಿ. ನನ್ನ ಮಾತು ಮೀರೋರು ಇಲ್ಲಿಲ್ಲ." ಆಮೇಲೆ ದನಿ ತಗ್ಗಿಸಿದರು. "ಖಾಲಿ ತಿರುಗ್ಸಿ ಊರಿಗೆ ಟೋಪಿ ಹಾಕಿದಾರೆ ಅಂತ ಜನಕ್ಕೆ ಗೊತ್ತಾದ್ರೆ ನಿಮ್ಮ ಮಾತನ್ನ ಆಮೇಲೆ ಯಾರು ನಂಬ್ತಾರೆ, ಹೇಳಿ."

ಅದು ಬೆದರಿಕೆ. ಆದರೆ ಸುಳ್ಳಾಗಿರಲಿಲ್ಲ. ಅವರು ಇಳಿದುಹೋದರು. ಮುಂದಿದ್ದ ದಾರಿಗಳನ್ನೆಲ್ಲ ತಿರುವಿಹಾಕಿದೆ. ಫಿಲ್ಮ್ ತೊಳೆಯುವಾಗ ಹಾಳಾಯಿತು ಎಂದರೆ ನನ್ನ ಕೆಲಸ ಉಳಿಯುತ್ತದೆ, ಅವನು ಹೋಗುತ್ತಾನೆ. ಫಿಲ್ಮಿನಲ್ಲಿ ಮುದ್ರೆ ಬಂದಿದೆ ಎಂದು ಬರಿ ಮಾತಿನಲ್ಲಿ ಹೇಳಿದರೆ ತೋರಿಸು ಎನ್ನುತ್ತಾರೆ. ನಿಜವಾಗಿ ಫಿಲ್ಮ್ ತುಂಬಿಯೇ ಇದ್ದಿದ್ದರೆ ಎಂದು ಹಲುಬಿದೆ. ಆಗ ಕೆಂಪು ಮುದ್ರೆ ಗೋಣಿಯ ಮೇಲೆ ಬರಿ ಕರಿ ಮಚ್ಚೆಯಾಗಿ, ಒಡೆದಿದೆಯೋ ಇಡಿಯಾಗಿದೆಯೋ ಯಾರಿಗೂ ತಿಳಿಯುತ್ತಿರಲಿಲ್ಲ. ಅಲ್ಲಿಗೆ ಬಂದಾಗ ನನ್ನ ಯೋಚನೆ ಗಕ್ಕನೆ ನಿಂತಿತು. ಆ ಮುದ್ರೆ, ಅದರ ಅಂಚಿನ ಹಸಿರು ಎಲೆ ನನ್ನ ಕಣ್ಣಿಗೆ ಬಿದ್ದದ್ದೇ ಕ್ಯಾಮೆರಾ ಖಾಲಿಯಿದ್ದದ್ದರಿಂದ. ನಾನು ಬಚ್ಚಿಡಬೇಕೆಂದಿದ್ದ ವಿಷಯವೇ ನನ್ನ ಸಾಕ್ಷಿ. ಒಂದನ್ನು ಹೇಳದೆ ಇನ್ನೊಂದನ್ನು ಹೇಳುವ ಹಾಗಿರಲಿಲ್ಲ.

ಮರುದಿನ ಕಚೇರಿಗೆ ಮಬ್ಬು ಗಾಜು ಒಳಗೇ ಇದ್ದ ಕ್ಯಾಮೆರಾವನ್ನೇ ಹೊತ್ತುಕೊಂಡು ಹೋದೆ. ಹೊರಗೆ ಜನ ಕಿಕ್ಕಿರಿದಿದ್ದರು. ಕಂಬದ ಪಕ್ಕ ಕೂರಿಸಿದ್ದ ಹಮಾಲಿ ನನ್ನನ್ನು ಕಂಡು ಎದ್ದ.

"ಬಂತಾ ಅಯ್ಯ, ಅದ್ರಲ್ಲಿ?"

ನಾನು ನೇರ ಒಳಗೆ ಹೋದೆ.

ತಾಲ್ಲೂಕಿನ ಅಧಿಕಾರ ಹಿಡಿದ ಅಮಲ್ದಾರರು ಕನ್ನಡಕದ ಮೇಲಿನಿಂದ ನೋಡುವ ಮನುಷ್ಯ. ನನ್ನನ್ನು ಊರಿನಲ್ಲಿ ಕೆಲಸ ಮಾಡಲು ಬಿಟ್ಟವರು ಅವರೇ. ಪಟ ಎಲ್ಲಿ ಎಂದರು.

"ಪಟ ಇಲ್ಲ ಸ್ವಾಮಿ. ಈ ಊರಿಗೆ ಬಂದಾಗಿನಿಂದ ನಾನು ತಿರುಗಿಸಿದ್ದು ಖಾಲಿ ಕ್ಯಾಮೆರಾ."

ಕಿಟಕಿಯಾಚೆ ನಗೆ, ಬೈಗುಳ, ಎರಡೂ ಒಟ್ಟಿಗೆ ಎದ್ದವು. ಹಮಾಲಿ ನಗಲೂ ಇಲ್ಲ, ಬೈಯಲೂ ಇಲ್ಲ. ಕಂಬಕ್ಕೆ ಒರಗಿ ಕುಸಿದು ಕೂತ. ನಾನು ಆ ಕಡೆ ನೋಡದೆ ಗಾಜಿನ ವಿಷಯವನ್ನೆಲ್ಲ ಹೇಳಿದೆ.

"ಖಾಲಿ ಯಂತ್ರ ತಿರುಗಿಸಿ ಊರಿಗೆಲ್ಲ ಸುಳ್ಳು ಹೇಳಿದೋರು ನೀವು. ಈಗ ಹೇಳೋದು ನಿಜ ಅಂತ ಹ್ಯಾಗ್ರೀ ನಂಬೋದು?" ಎಂದರು ಅಮಲ್ದಾರರು. ನಾನು ಅವರ ಜಾಗದಲ್ಲಿದ್ದರೂ ಅದನ್ನೇ ಕೇಳುತ್ತಿದ್ದೆ.

"ನಂಬಬೇಡಿ ಸ್ವಾಮಿ. ಪರೀಕ್ಷೆ ಮಾಡಿ. ಆ ಮುದ್ರೆಗೆ ಒಂದು ಗುರುತಿತ್ತು. ಅದನ್ನು ನಿಮ್ಮ ಕಿವಿಯಲ್ಲಿ ಹೇಳ್ತೀನಿ. ಆಮೇಲೆ ಮುದ್ರೆ ಒತ್ತಿದವರನ್ನ ಕೇಳಿ."

ಹೇಳಿದೆ. ಅವರು ನನ್ನನ್ನು ಹೊರಗೆ ನಿಲ್ಲಿಸಿ, ಮುದ್ರೆ ಒತ್ತಿದ್ದ ಕೋಠಿಯ ಗಾರ್ಡನ್ನು ಒಳಗೆ ಕರೆದರು. ಆತ ಹೇಳಿದ್ದು ಕಿಟಕಿಯಿಂದ ನನಗೂ ಕೇಳಿಸಿತು. ಕಾದ ಅರಗು ಬೆರಳು ಸುಡುತ್ತದೆಂದು ಆವತ್ತು ಹಲಸಿನ ಎಲೆ ಮಡಚಿ ಹಿಡಿದು ಒತ್ತಿದ್ದನಂತೆ. ಎಲೆಯ ಚೂರು ಅಂಟಿಕೊಂಡು ಉಳಿಯಿತಂತೆ. "ಕೀಳೋಕೆ ಹೋದ್ರೆ ಮುದ್ರೆನೂ ಕಿತ್ತು ಬರ್ತಿತ್ತು ಸ್ವಾಮಿ, ಹಂಗೇ ಬಿಟ್ಟೆ."

ಅಮಲ್ದಾರರಿಗೆ ಅಷ್ಟು ಸಾಲಲಿಲ್ಲ. ಅನುಮಾನದಲ್ಲಿ ಅವರು ನನಗೆ ಅಣ್ಣನಾಗಬೇಕು. ಕಚೇರಿಯ ಅಂಗಳದಲ್ಲಿ ಬೀದಿಯಷ್ಟೇ ದೂರ ಅಳೆದು, ಬೇರೊಂದು ಮೂಟೆಗೆ ಹೊಸ ಮುದ್ರೆ ಒತ್ತಿಸಿ ಇಡಿಸಿದರು. ಆಮೇಲೆ ಪೇಟ ತೆಗೆದಿಟ್ಟು, ನಾನು ಕ್ಯಾಮೆರಾಕ್ಕೆ ಹೊದಿಸಿದ ಕರಿಬಟ್ಟೆಯೊಳಗೆ ತಲೆ ತೂರಿಸಿ, ಕೊಳವೆಗೆ ಕಣ್ಣಿಟ್ಟರು. ಬಹಳ ಹೊತ್ತು ಹೊರಗೆ ಬರಲಿಲ್ಲ. ನಾನು ಪಕ್ಕದಲ್ಲಿ ನಿಂತು ನಿಧಾನವಾಗಿ ಹಿಡಿಕೆ ತಿರುಗಿಸಿದೆ.

"ಎಲ್ಲ ತಲೆಕೆಳಗಾಗಿದೆ ಕಣ್ರೀ" ಎಂದರು ಒಳಗಿನಿಂದಲೇ. "ದಫೇದಾರೂ ತಲೆಕೆಳಗೆ ನಿಂತಿದಾರೆ. ಆದ್ರೆ ಮುದ್ರೆ ಕಾಣ್ತದೆ. ಒತ್ತಿದ ಅಕ್ಷರ ಕಾಣ್ತದೆ."

ಹೊರಗೆ ಬಂದವರೇ ಸಾಹುಕಾರರ ಅಂಗಡಿಯ ಕಸವನ್ನೆಲ್ಲ ಗುಡಿಸಿ ತರಲು ದಫೇದಾರರನ್ನು ಕಳಿಸಿದರು. ಗಂಧದ ಅಂಗಡಿಯಲ್ಲಿ ಕಸವನ್ನು ಯಾರೂ ಬೀದಿಗೆ ಎಸೆಯುವುದಿಲ್ಲ. ಹುಡಿಗೂ ಬೆಲೆಯಿದೆ, ಎಲ್ಲವನ್ನೂ ಮೂಲೆಯ ಡಬ್ಬಿಗೆ ತುಂಬಿಡುತ್ತಾರೆ. ಆ ಹುಡಿಯ ಡಬ್ಬಿಯಲ್ಲೇ ಅರಗಿನ ಚೂರುಗಳು ಸಿಕ್ಕವು. ಒಂದಕ್ಕೆ ಬಾಡಿದ ಎಲೆ ಇನ್ನೂ ಅಂಟಿಕೊಂಡಿತ್ತು. ದಾರಿಯಲ್ಲಿ ಒಡೆದ ಮುದ್ರೆಯ ಚೂರು ಹೊಸ್ತಿಲ ಒಳಗಿನ ಡಬ್ಬಿಗೆ ಹೋದದ್ದು ಹೇಗೆ ಎಂದು ಅಮಲ್ದಾರರು ಕೇಳಿದಾಗ, ಬೆಳಿಗ್ಗೆಯಿಂದ ಕಚೇರಿಯಲ್ಲೇ ಇದ್ದ ಸಾಹುಕಾರರು ಮೊದಲ ಬಾರಿಗೆ ಬಾಯಲ್ಲಿದ್ದ ಎಲೆಯಡಿಕೆ ಉಗುಳಿ ಬರಲು ಅಪ್ಪಣೆ ಕೇಳಿದರು.

ಕೊರಡು ಸಿಕ್ಕಿತೋ ಇಲ್ಲವೋ ನನಗೆ ಗೊತ್ತಿಲ್ಲ. ಮುಂದಿನದು ಅವರಿಗೂ ಅರಣ್ಯ ಇಲಾಖೆಗೂ ಬಿಟ್ಟದ್ದು. ಹಮಾಲಿಯನ್ನು ಅಲ್ಲೇ ಬಿಟ್ಟರು. ನಾನು ಆ ಸಂಜೆಯೇ ಮಹಡಿ ಖಾಲಿ ಮಾಡಿ ಮುಸಾಫಿರಖಾನೆಗೆ ಹೊರಟೆ. ಸಾಮಾನು ಹೊರಲು ಅವನೇ ಬಂದ. ಕೃತಜ್ಞತೆಯ ಮಾತು ಒಂದೂ ಇಲ್ಲ. ಪೆಟ್ಟಿಗೆ ಇಳಿಸಿದ ಮೇಲೆ ಹೇಳಿದ, "ಇಡೀ ದಿನ ಠಾಣೇಲಿ ಧೈರ್ಯವಾಗಿ ಕೂತಿದ್ದೆ ಅಯ್ಯ. ಅದ್ರೊಳಗೆ ನಾನಿದೀನಿ ಅಂತ." ನಾನು ತಲೆ ತಗ್ಗಿಸಿದೆ. ನನಗೆ ನಿಜವಾಗಿ ನಾಚಿಕೆಯಾಯಿತು.

ಊರು ಬೈಯುತ್ತದೆ, ಕಲ್ಲು ಹೊಡೆದರೂ ಹೊಡೆಯಬಹುದು ಎಂದುಕೊಂಡು ಮಾರನೆಯ ಬೆಳಿಗ್ಗೆ ಪೇಟೆಗೆ ಹೋದರೆ, ಬೀದಿಯ ಬಾಗಿಲುಗಳೆಲ್ಲ ತೆರೆದಿದ್ದವು. ಬಟ್ಟೆ ಅಂಗಡಿಯ ಪಂಚೆ ಮಾಯವಾಗಿತ್ತು. ಹೆಂಗಸರು ಬಿಂದಿಗೆ ಹೊತ್ತು ನನ್ನ ಮುಕ್ಕಾಲಿಯ ಪಕ್ಕದಲ್ಲೇ ಹಾದುಹೋದರು. ಖಾಲಿ ಡಬ್ಬ ಬಂತು ಎಂದು ಯಾರೋ ಅಂದರು. ಅಷ್ಟೇ. ಆಮೇಲೆ ಯಾರೂ ನನ್ನತ್ತ ತಿರುಗಲಿಲ್ಲ. ಅರ್ಚಕರು ನೇರವಾಗಿ ಬಂದು, "ಎಂತ ಮಾರಾಯ, ಖಾಲಿ ಡಬ್ಬಕ್ಕೆ ಹೆದ್ರಿ ಎಂಗೊ ಹಿತ್ಲಲ್ಲಿ ಓಡಾಡಿದ್ದಾತು" ಎಂದು ನನ್ನ ಬೆನ್ನಿಗೊಂದು ಗುದ್ದಿ, ಮುಂಬಾಗಿಲಿನಿಂದ ಹೋಟೆಲು ಹೊಕ್ಕು, ಬೀದಿಯ ಕಡೆಗೇ ಮುಖ ಮಾಡಿ ಕೂತು ಊದಿ ಊದಿ ಕಾಫಿ ಕುಡಿದರು.

ನಾನು ಒಂದು ಡಬ್ಬದ ಕಪ್ಪು ಪಟ್ಟಿ ಬಿಚ್ಚಿದೆ. ಕರಿಚೀಲದೊಳಗೆ ಎರಡೂ ಕೈ ತೂರಿಸಿ, ತಡವಿ ತಡವಿ ಫಿಲ್ಮ್ ತುಂಬಿದೆ. ಯಾರಿಗೂ ಹೇಳಲಿಲ್ಲ, ಯಾರೂ ಕೇಳಲೂ ಇಲ್ಲ. ಸೆಕೆಂಡಿಗೆ ಎರಡು ಸುತ್ತಿನ ಲೆಕ್ಕದಲ್ಲಿ ಹಿಡಿಕೆ ತಿರುಗಿತು. ಅಷ್ಟು ಸಹಜವಾಗಿ ನಡೆದಾಡುವ ಜನರನ್ನು ನಾನು ಹಿಂದೆಯೂ ತೆಗೆದಿರಲಿಲ್ಲ, ಮುಂದೆಯೂ ತೆಗೆಯಲಿಲ್ಲ. ಸಂತೋಷವಾಯಿತು. ಇವರನ್ನು ಈಗ ನಿಜವಾಗಿ ಕದಿಯುತ್ತಿರುವವನು ನಾನೇ ಅಲ್ಲವೇ ಎಂಬ ಅನುಮಾನವೂ ಜೊತೆಗೇ ಬಂತು.

ಒಬ್ಬ ಮಾತ್ರ ಕೇಳಿದ. ಕೋಠಿಯ ಕಡೆಗೆ ಹೊರಟಿದ್ದ ಹಮಾಲಿ ನನ್ನ ಹತ್ತಿರ ನಿಂತು ಸ್ವಲ್ಪ ಹೊತ್ತು ಕಿವಿಗೊಟ್ಟ.

"ಇವತ್ತು ಇದ್ಯಾ ಒಳಗೆ?"

"ಇದೆ."

"ತೋರ್ಸಿ."

"ತೆಗೆದು ತೋರಿಸಿದರೆ ಬೆಳಕು ಬಿದ್ದು ಎಲ್ಲ ಹಾಳಾಗುತ್ತೆ. ನಂಬಬೇಕು."

ಅವನು ನಂಬಲಿಲ್ಲ. ಅದು ಅವನ ಮುಖದಲ್ಲೇ ಕಂಡಿತು. ರುಮಾಲು ಬಿಚ್ಚಿ ಮತ್ತೆ ಬಿಗಿಯಾಗಿ ಸುತ್ತಿಕೊಂಡ.

"ಹಂಗಾದ್ರೆ ನೀವೂ ನೋಡ್ತಾ ಇರಿ" ಎಂದು ಹೇಳಿ ಹೋದ.

ಬಿಸಿಲೇರುವ ಹೊತ್ತಿಗೆ ಮೂಟೆ ಹೊತ್ತು ಬಂದ, ಬೇರೆ ಅಂಗಡಿಯದು. ನನ್ನ ಎದುರಿಗೆ ಬಂದವನು ನಿಂತ. ಮೂಟೆಯನ್ನು ತಲೆಯ ಮೇಲೆಯೇ ತಿರುಗಿಸಿ, ಮುದ್ರೆ ನನ್ನ ಕಡೆಗೆ ಬರುವಂತೆ ಹಿಡಿದುಕೊಂಡು ಹಾಗೇ ಇದ್ದ. ಯಜಮಾನರ ಷರತ್ತು ನೆನಪಾಯಿತು. ನಾನು ಹಿಡಿಕೆ ನಿಲ್ಲಿಸಲಿಲ್ಲ. ಫಿಲ್ಮ್ ತುಂಬಿದ್ದರಿಂದ ಪೆಟ್ಟಿಗೆಯ ಪಕ್ಕಕ್ಕೆ ತಲೆ ಚಾಚಿ ಬರಿಗಣ್ಣಿನಿಂದ ಅವನನ್ನು ನೋಡಿದೆ. ನಾನು ನೋಡಿದೆನೆಂದು ಖಾತ್ರಿಯಾದ ಮೇಲೆ ಅವನು ಮುಂದೆ ನಡೆದ.

ಬೆಂಗಳೂರಿನಲ್ಲಿ ಫಿಲ್ಮ್ ತೊಳೆದು, ಪರದೆಯ ಮೇಲೆ ಹಾಕಿ ನೋಡಿದಾಗ ಯಜಮಾನರು ಕುರ್ಚಿಯ ತುದಿಗೆ ಬಂದು ಕೂತರು. ಇಡೀ ಊರಿನಲ್ಲಿ ಒಬ್ಬರೂ ಕ್ಯಾಮೆರಾ ನೋಡಿಲ್ಲವಲ್ಲ, ಏನು ಮಂತ್ರ ಹಾಕಿದೆಯಯ್ಯ ಎಂದು ಬೆನ್ನು ತಟ್ಟಿದರು. ಒಂದು ಕಡೆ ಮಾತ್ರ ಕೈಯೆತ್ತಿ ನಿಲ್ಲಿಸಿದರು. ಪರದೆಯ ಮೇಲೆ ಸಣಕಲು ಮನುಷ್ಯ, ತಲೆಯ ಮೇಲೆ ಮೂಟೆ, ಮೂಟೆಯ ಕುತ್ತಿಗೆಯಲ್ಲಿ ಒಂದು ಕರಿ ಮಚ್ಚೆ.

"ಇವನ್ಯಾಕೆ ನಿಂತುಬಿಟ್ಟ? ಕ್ಯಾಮೆರಾನೂ ನೋಡ್ತಿಲ್ಲ. ಪಕ್ಕಕ್ಕೆ ನೋಡ್ತಿದಾನೆ. ಅಲ್ಲಿ ಯಾರಿದ್ರು?"

"ನಾನಿದ್ದೆ" ಎಂದೆ.